ಲೆಕ್ಕ ಹೇಳದೆ ಬಿಟ್ಟ ತೊಂಬತ್ತು

ಈ ಸಲದ ಅಂಚೆಯಲ್ಲಿ ಅರಸೀಕೆರೆ, ಬೇಲೂರು, ಹಳೇಬೀಡು ಕಡೆಯ ಪತ್ರಗಳೇ ಹೆಚ್ಚು. ಬಹುಪಾಲು ಒಂದೇ ಪಾಠದ ಬಗ್ಗೆ: ಪೂರಕ ಕೋನಗಳು (ಮೊತ್ತ 90 ಡಿಗ್ರಿ ಆಗುವ ಎರಡು ಕೋನಗಳು). ಅದರಲ್ಲೂ ಆ ಪಾಠದ ಹೇಳಿಕೆ ಲೆಕ್ಕಗಳು (ವಿಷಯವನ್ನು ವಾಕ್ಯದಲ್ಲಿ ಕೊಟ್ಟು, ಲೆಕ್ಕವನ್ನು ನಾವೇ ಕಟ್ಟಿಕೊಳ್ಳಬೇಕಾದವು) ಮನೆಮನೆಯಲ್ಲೂ ಕಾಡುತ್ತಿವೆ ಎಂದು ಕಾಣುತ್ತದೆ. ಐದು ಪತ್ರಗಳನ್ನು ಆರಿಸಿಕೊಂಡಿದ್ದೇನೆ. ಬರೆದವರ ಹೆಸರು ಹಾಕಿಲ್ಲ.

ಪ್ರಶ್ನೆ: ನನ್ನ ಮಗಳು ಏಳನೇ ತರಗತಿ. ‘35 ಡಿಗ್ರಿಯ ಪೂರಕ ಕೋನ ಎಷ್ಟು’ ಎಂದು ಕೇಳಿದರೆ ತಟ್ಟನೆ 55 ಅನ್ನುತ್ತಾಳೆ. ಅದನ್ನೇ ಎರಡು ಸಾಲಿನಲ್ಲಿ ಸುತ್ತಿಬಳಸಿ ಕೇಳಿದರೆ ಪೆನ್ಸಿಲ್ ಕಚ್ಚುತ್ತ ಕೂತುಬಿಡುತ್ತಾಳೆ. ಕಿರುಪರೀಕ್ಷೆಯ ಹಿಂದಿನ ರಾತ್ರಿ ಊಟ ಬಿಟ್ಟು ಅತ್ತಳು. ನಾನೂ ಎಸ್ಸೆಸ್ಸೆಲ್ಸಿಯಲ್ಲಿ ಗಣಿತದಲ್ಲೇ ಫೇಲಾದವಳು. ನನ್ನ ದಡ್ಡತನ ಅವಳಿಗೂ ಬಂತೇ?
— ಒಬ್ಬ ತಾಯಿ, ಅರಸೀಕೆರೆ

ಉತ್ತರ: ದಡ್ಡತನ ಎಂಬ ಮಾತನ್ನು ಮೊದಲು ಪಕ್ಕಕ್ಕಿಡಿ. 35 ಎಂದ ಕೂಡಲೇ 55 ಎನ್ನುವ ಹುಡುಗಿಗೆ ಗಣಿತ ಬರುತ್ತದೆ. ಮಗಳು ಅತ್ತದ್ದು ಕಂಡು ನಿಮ್ಮ ಹಳೆಯ ನೋವೂ ಎದ್ದು ಬಂದಿದೆ. ಅದು ಸಹಜ. ಆದರೆ ಅವಳು ಎಡವುತ್ತಿರುವುದು ಲೆಕ್ಕದಲ್ಲಿ ಅಲ್ಲ, ವಾಕ್ಯದಲ್ಲಿ. ವಾಕ್ಯ ಬಿಡಿಸುವುದಕ್ಕೆ ನೀವು ಖಂಡಿತ ನೆರವಾಗಬಹುದು.

ಅವಳ ಪುಸ್ತಕದಲ್ಲಿ ಇಂಥದೊಂದು ಲೆಕ್ಕ ಇದ್ದೇ ಇರುತ್ತದೆ: ‘ಎರಡು ಪೂರಕ ಕೋನಗಳಲ್ಲಿ ದೊಡ್ಡದು ಚಿಕ್ಕದರ ಎರಡರಷ್ಟಕ್ಕಿಂತ 15 ಡಿಗ್ರಿ ಹೆಚ್ಚಾಗಿದೆ. ಆ ಕೋನಗಳು ಯಾವುವು?’ ಇದರಲ್ಲಿ ಎರಡು ಸಂಗತಿಗಳಿವೆ. ಒಂದನ್ನು ಬಾಯಿಬಿಟ್ಟು ಹೇಳಿದ್ದಾರೆ: ಎರಡರಷ್ಟು, ಮೇಲೆ 15. ಇನ್ನೊಂದನ್ನು ಹೇಳೇ ಇಲ್ಲ. ವಾಕ್ಯದಲ್ಲಿ 90 ಎಲ್ಲಿದೆ, ಹುಡುಕಿ ನೋಡಿ. ಇಲ್ಲ. ‘ಪೂರಕ’ ಎಂಬ ಪದದೊಳಗೆ ಅದನ್ನು ಮಡಚಿಟ್ಟಿದ್ದಾರೆ. ಮಗು ಸಾಲಿನಲ್ಲಿ ಕಂಡ ಅಂಕಿಗಳನ್ನಷ್ಟೇ ಹಿಡಿದುಕೊಂಡು ಕೂಡಲೋ ಕಳೆಯಲೋ ಎಂದು ಒದ್ದಾಡುತ್ತದೆ. 2 ಮತ್ತು 15 ಹಿಡಿದು ಎಷ್ಟು ಹೊತ್ತು ಒದ್ದಾಡಿದರೂ ಉತ್ತರ ಬರುವುದಿಲ್ಲ.

ಆದ್ದರಿಂದ ಮೊದಲ ಕೆಲಸ ಇದು. ಲೆಕ್ಕ ಓದಿದ ಕೂಡಲೇ ಹಾಳೆಯ ಮೇಲ್ತುದಿಯಲ್ಲಿ ‘ಎರಡೂ ಸೇರಿ 90’ ಎಂದು ಬರೆಯುವಂತೆ ಹೇಳಿ. ಕನ್ನಡದಲ್ಲೇ ಬರೆಯಲಿ. ಚಿಹ್ನೆ ಆಮೇಲೆ.

ಎರಡನೆಯ ಕೆಲಸಕ್ಕೆ ಡಿಗ್ರಿಯನ್ನು ಸ್ವಲ್ಪ ಹೊತ್ತು ಮರೆತುಬಿಡಿ. ನಿಮ್ಮದು ತೆಂಗಿನ ಸೀಮೆ. ಅವಳ ಮುಂದೆ ಹೀಗೆ ಕೇಳಿ: ‘90 ಕಾಯಿ ಇದೆ, ಎರಡು ಗುಡ್ಡೆ ಮಾಡಬೇಕು. ದೊಡ್ಡ ಗುಡ್ಡೆಯಲ್ಲಿ ಚಿಕ್ಕದರ ಎರಡರಷ್ಟು ಇರಬೇಕು, ಮೇಲೆ ಇನ್ನೂ 15 ಇರಬೇಕು. ಹೇಗೆ ಹಾಕ್ತೀಯಮ್ಮ?’ ಸ್ವಲ್ಪ ಯೋಚಿಸಿದರೆ ಆ ಹೆಚ್ಚುವರಿ 15 ಕಾಯಿಯನ್ನು ಮೊದಲು ಎತ್ತಿ ಬದಿಗಿಡಬೇಕು ಎಂದು ಅವಳಿಗೇ ಹೊಳೆಯುತ್ತದೆ. ಉಳಿದದ್ದು 75. ಚಿಕ್ಕ ಗುಡ್ಡೆಗೆ ಒಂದು ಪಾಲು, ದೊಡ್ಡದಕ್ಕೆ ಎರಡು ಪಾಲು, ಒಟ್ಟು ಮೂರು ಪಾಲು. ಒಂದು ಪಾಲಿಗೆ 25. ಚಿಕ್ಕ ಗುಡ್ಡೆ 25, ದೊಡ್ಡದು 50 ಮತ್ತು ಬದಿಗಿಟ್ಟ 15 ಸೇರಿ 65. ಎರಡನ್ನೂ ಕೂಡಿದರೆ 90. ಕಾಯಿಯ ಜಾಗದಲ್ಲಿ ಡಿಗ್ರಿ ಎಂದು ಬರೆದರೆ ಶಾಲೆಯ ಉತ್ತರ ಆಯಿತು.

ಇದು ಕೈಗೆ ಹತ್ತಿದ ಮೇಲೆ ಸಮೀಕರಣ (ಎರಡು ಬದಿ ಸಮ ಎಂದು ಬರೆಯುವ ಸಾಲು) ಬರಲಿ. ಶಾಲೆಯಲ್ಲಿ ಎಕ್ಸ್ ಎನ್ನುವುದನ್ನು ನಾನಿಲ್ಲಿ ‘ಕ’ ಎಂದು ಬರೆಯುತ್ತೇನೆ. ಚಿಕ್ಕ ಕೋನ ಕ. ದೊಡ್ಡದು 2ಕ + 15. ಕ + 2ಕ + 15 = 90. ಕಾಯಿ ಗುಡ್ಡೆ ಹಾಕುವಾಗ ಅವಳು ಮಾಡಿದ ಕೆಲಸವೇ ಇಲ್ಲಿ ಸಾಲುಸಾಲಾಗಿ ಬರುತ್ತದೆ. 15 ಕಳೆಯುವುದು, ಮೂರರಿಂದ ಭಾಗಿಸುವುದು, ಅಷ್ಟೇ.

ಪರೀಕ್ಷೆಯ ಹಿಂದಿನ ರಾತ್ರಿ ಹೊಸ ಲೆಕ್ಕ ಬೇಡ. ಮಾಡಿದ್ದನ್ನೇ ನಿಮಗೆ ಹೇಳಿಕೊಡುವಂತೆ ಕೇಳಿ. ಊಟ ಮಾಡಿಸಿ ಮಲಗಿಸಿ.

ಪ್ರಶ್ನೆ: ಪೂರಕ, ಪರಿಪೂರಕ (ಮೊತ್ತ 180 ಡಿಗ್ರಿ ಆಗುವ ಎರಡು ಕೋನಗಳು) ಎರಡೂ ಒಂದೇ ಲೆಕ್ಕದಲ್ಲಿ ಬಂದರೆ ತಲೆ ಕೆಡುತ್ತದೆ ಸಾರ್. ‘ಒಂದು ಕೋನದ ಪರಿಪೂರಕವು ಅದರ ಪೂರಕದ ನಾಲ್ಕರಷ್ಟಿದೆ. ಕೋನ ಯಾವುದು?’ ಮಾಡಿದಷ್ಟು ಸಲವೂ ಬೇರೆ ಬೇರೆ ಉತ್ತರ. ಒಮ್ಮೆ 210 ಬಂತು. ಮೇಷ್ಟ್ರನ್ನು ಮತ್ತೆ ಕೇಳಲು ಅಂಜಿಕೆ.
— ಒಂಬತ್ತನೇ ತರಗತಿ ವಿದ್ಯಾರ್ಥಿ, ಬೇಲೂರು ತಾಲ್ಲೂಕು

ಉತ್ತರ: ಒಂದೇ ಲೆಕ್ಕವನ್ನು ಮತ್ತೆ ಮತ್ತೆ ಮಾಡಿ ನೋಡಿದ್ದೀರಿ. ಆ ಹಟ ಒಳ್ಳೆಯದು. ಇದು ನಿಜಕ್ಕೂ ಗೋಜಲಿನ ವಾಕ್ಯ. ಕಂಡದ್ದು ಮೂರು ಕೋನ, ಹೆಸರಿಟ್ಟದ್ದು ಎರಡಕ್ಕೆ. ಕೇಳಿದ್ದು ಮಾತ್ರ ಹೆಸರಿಲ್ಲದ ಮೂರನೆಯದನ್ನು. ತಲೆ ಕೆಟ್ಟರೆ ತಪ್ಪೇನಿಲ್ಲ.

ಒಂದು ಹಾಳೆ ತೆಗೆದುಕೊಳ್ಳಿ. ಅದರ ಒಂದು ಮೂಲೆಯಿಂದ ಓರೆಯಾಗಿ ಒಂದು ಗೆರೆ ಎಳೆಯಿರಿ. ಮೂಲೆಯಲ್ಲಿ ಎರಡು ಕೋನಗಳಾದವು. ಅವು ಪೂರಕ. ಈಗ ಹಾಳೆಯ ನೇರ ಅಂಚಿನ ನಡುವೆ ಒಂದು ಚುಕ್ಕೆ ಇಟ್ಟು ಅಲ್ಲಿಂದ ಓರೆ ಗೆರೆ ಎಳೆಯಿರಿ. ಅಂಚಿನ ಮೇಲೆ ಎರಡು ಕೋನಗಳಾದವು. ಅವು ಪರಿಪೂರಕ. ಮೂಲೆಗೆ 90, ಅಂಚಿಗೆ 180. ಲೆಕ್ಕದಲ್ಲಿ ಈ ಪದಗಳು ಬಂದಾಗಲೆಲ್ಲ ಮೂಲೆಯೋ ಅಂಚೋ ಎಂದು ಒಮ್ಮೆ ಕೇಳಿಕೊಳ್ಳಿ.

ಕೇಳಿದ ಕೋನಕ್ಕೆ ಕ ಎಂದು ಹೆಸರಿಡಿ. ಪೂರಕ 90 − ಕ. ಪರಿಪೂರಕ 180 − ಕ. ವಾಕ್ಯವನ್ನು ಅದೇ ಕ್ರಮದಲ್ಲಿ ಓದುತ್ತ ಬರೆಯಿರಿ. ‘ಪರಿಪೂರಕವು’ ಎಂದಾಗ 180 − ಕ, ‘ಪೂರಕದ ನಾಲ್ಕರಷ್ಟು’ ಎಂದಾಗ 4(90 − ಕ), ‘ಇದೆ’ ಎಂದಾಗ ಸಮ ಚಿಹ್ನೆ ನಡುವೆ ಹಾಕಿ. 180 − ಕ = 360 − 4ಕ. 3ಕ = 180. ಕೋನ 60 ಡಿಗ್ರಿ. ತಾಳೆ ನೋಡಿ: ಪೂರಕ 30, ಪರಿಪೂರಕ 120, ನಾಲ್ಕು ಪಟ್ಟು ಸರಿಯಾಯಿತು.

ನಿಮಗೆ 210 ಬಂದದ್ದು ಎಲ್ಲಿಂದ ಎಂದು ಊಹಿಸಬಲ್ಲೆ. ನಾಲ್ಕನ್ನು ಪರಿಪೂರಕದ ಬದಿಗೆ ಹಾಕಿದ್ದೀರಿ. 90 − ಕ = 4(180 − ಕ) ಎಂದು ಬರೆದರೆ 210 ಬರುತ್ತದೆ. ಪೂರಕವಿರುವ ಕೋನ ಯಾವತ್ತೂ 90ಕ್ಕಿಂತ ಕಡಿಮೆ, ಅಂದರೆ ಲಘುಕೋನವೇ ಆಗಿರಬೇಕು. 210 ಕಂಡ ಕ್ಷಣವೇ ಇದು ಆಗದ ಮಾತು ಎಂದು ಗೊತ್ತಾಗಬೇಕಿತ್ತು. ಆವರಣದ (ಬ್ರಾಕೆಟ್ಟಿನ) ಒಳಗಿನ ಎರಡನ್ನೂ ನಾಲ್ಕರಿಂದ ಗುಣಿಸದೆ 360 − ಕ ಎಂದು ಬರೆದಿದ್ದರೆ 180 ಮತ್ತು 360 ಸಮ ಎಂಬ ಅಸಂಬದ್ಧ ಬರುತ್ತದೆ. ನಿಮ್ಮ ಹಳೆಯ ಹಾಳೆಗಳಲ್ಲಿ ಅದೂ ಇದೆಯೇ ನೋಡಿ.

ನನಗೆ ಬಹಳ ಇಷ್ಟವಾದ ಸಂಗತಿಯೊಂದನ್ನು ಹೇಳಿಬಿಡುತ್ತೇನೆ. ಯಾವ ಲಘುಕೋನವನ್ನೇ ತೆಗೆದುಕೊಳ್ಳಿ, ಅದರ ಪರಿಪೂರಕ ಅದರ ಪೂರಕಕ್ಕಿಂತ ಸರಿಯಾಗಿ 90 ಹೆಚ್ಚು. ನಿಮ್ಮ ಲೆಕ್ಕದಲ್ಲಿ ಪರಿಪೂರಕ ನಾಲ್ಕು ಪಾಲು, ಪೂರಕ ಒಂದು ಪಾಲು, ವ್ಯತ್ಯಾಸ ಮೂರು ಪಾಲು. ಆ ಮೂರು ಪಾಲು 90. ಒಂದು ಪಾಲು 30. ಪೂರಕ 30 ಆದರೆ ಕೋನ 60. ಬಾಯಲ್ಲೇ ಮುಗಿಯಿತು!

ಮೇಷ್ಟ್ರ ಬಳಿ ಹೋಗುವಾಗ ‘ಅರ್ಥವಾಗಲಿಲ್ಲ’ ಎನ್ನುವ ಬದಲು ‘ನನಗೆ 210 ಬಂತು, ಎಲ್ಲಿ ತಪ್ಪಿದೆ ಸಾರ್’ ಎಂದು ಹಾಳೆ ತೋರಿಸಿ. ಪ್ರಯತ್ನ ಪಟ್ಟದ್ದು ಕಣ್ಣಿಗೆ ಕಂಡರೆ ಯಾವ ಮೇಷ್ಟ್ರಿಗೂ ಹೇಳಿಕೊಡುವ ಮನಸ್ಸು ಬರುತ್ತದೆ.

ಪ್ರಶ್ನೆ: ಎರಡು ಪೂರಕ ಕೋನಗಳಲ್ಲಿ ಒಂದು ಇನ್ನೊಂದರ ಮೂರರಷ್ಟು ಎಂಬ ಲೆಕ್ಕಕ್ಕೆ 22.5 ಮತ್ತು 67.5 ಬಂತು. ದಶಮಾಂಶ ಬಂದದ್ದರಿಂದ ತಪ್ಪಿರಬೇಕು ಎಂದು ಹೊಡೆದುಹಾಕಿದೆ.
— ವಿದ್ಯಾರ್ಥಿನಿ, ಜಾವಗಲ್

ಉತ್ತರ: ಹೊಡೆದುಹಾಕಿದ್ದೇ ಸರಿಯಾದ ಉತ್ತರ. ಪುಸ್ತಕದ ಲೆಕ್ಕಗಳಿಗೆ ಹೆಚ್ಚಾಗಿ ಪೂರ್ಣ ಸಂಖ್ಯೆ ಬರುವುದರಿಂದ ಈ ಭಯ ಹುಟ್ಟುತ್ತದೆ. ಉತ್ತರ ಸರಿಯೋ ತಪ್ಪೋ ಎಂಬುದನ್ನು ಅದರ ರೂಪ ನೋಡಿ ತೀರ್ಮಾನಿಸಬೇಡಿ, ತಾಳೆ ನೋಡಿ ತೀರ್ಮಾನಿಸಿ. ಎರಡನ್ನೂ ಕೂಡಿದರೆ 90, ಒಂದು ಇನ್ನೊಂದರ ಮೂರರಷ್ಟು. ಎರಡು ಷರತ್ತೂ ಕೂಡಿಬಂದವು. 22.5 ಎಂಬ ಈ ಕೋನ ನಿಮ್ಮ ಸೀಮೆಗೆ ತೀರಾ ಹತ್ತಿರದ್ದು. ಮುಂದಿನ ಉತ್ತರವನ್ನೂ ಓದಿ.

ಪ್ರಶ್ನೆ: ನಾನು ಗಾರೆ ಕೆಲಸದವನು. ಏಳನೇ ತರಗತಿಯ ಮಗ ಪೂರಕ ಕೋನದ ಲೆಕ್ಕ ಮಾಡುತ್ತ, ‘ಅಪ್ಪಾ, ಇದೆಲ್ಲ ಯಾತಕ್ಕೆ? ನಮ್ಮೂರ ದೇವಸ್ಥಾನ ಕಟ್ಟಿದವರು ಇದನ್ನು ಓದಿದ್ರಾ?’ ಎಂದ. ಉತ್ತರ ಗೊತ್ತಾಗದೆ ಸುಮ್ಮನಾದೆ. ಅಪ್ಪನಿಗೆ ಏನೂ ಗೊತ್ತಿಲ್ಲ ಎಂದು ಮಗ ಅಂದುಕೊಳ್ಳುವ ಕಾಲ ಬಂತಲ್ಲ ಎಂದು ಸಂಕಟ.
— ಹಳೇಬೀಡು

ಉತ್ತರ: ನಿಮ್ಮ ಸಂಕಟ ನನಗೆ ಅರ್ಥವಾಗುತ್ತದೆ. ಮಕ್ಕಳ ಪುಸ್ತಕ ನಮ್ಮ ಕೈಮೀರಿ ಹೋಗುತ್ತಿದೆ ಎನ್ನಿಸಿದಾಗ ತಂದೆತಾಯಿಯ ಮನಸ್ಸು ಕುಗ್ಗುತ್ತದೆ. ಆದರೆ ಈ ಪಾಠದ ಮಟ್ಟಿಗೆ ನಿಮ್ಮ ಮಗನಿಗೆ ನಿಮಗಿಂತ ಒಳ್ಳೆಯ ಮೇಷ್ಟ್ರು ಸಿಗಲಿಕ್ಕಿಲ್ಲ.

ಪಾಯ ಗುರುತು ಮಾಡುವಾಗ ಮೂಲೆ ನೇರ ಮಾಡಲು ನೀವು ಏನು ಮಾಡುತ್ತೀರಿ? ಒಂದು ಕಡೆ ಮೂರು ಅಡಿ, ಇನ್ನೊಂದು ಕಡೆ ನಾಲ್ಕು ಅಡಿ, ಓರೆಗೆ ಐದು ಅಡಿ ದಾರ ಹಿಡಿಯುತ್ತೀರಿ. ಮೂರು-ನಾಲ್ಕು-ಐದು ಕೂಡಿದರೆ ಮೂಲೆಮಟ್ಟ ಸರಿ. ಆ ದಾರದ ತ್ರಿಕೋನದಲ್ಲಿ ಒಂದು ಮೂಲೆ 90. ತ್ರಿಕೋನದ ಮೂರು ಕೋನ ಸೇರಿ 180 ಆದ್ದರಿಂದ ಉಳಿದ ಎರಡು ಮೂಲೆ ಸೇರಿ ಮತ್ತೊಂದು 90. ಒಂದು ಸುಮಾರು 37, ಇನ್ನೊಂದು ಸುಮಾರು 53. ಅವೇ ಪೂರಕ ಕೋನಗಳು. ಮಗನನ್ನು ಒಂದು ದಿನ ಕೆಲಸದ ಜಾಗಕ್ಕೆ ಕರೆದುಕೊಂಡು ಹೋಗಿ, ದಾರದ ಒಂದು ತುದಿ ಅವನ ಕೈಗೆ ಕೊಡಿ. ಕೋನಮಾಪಕ (ಡಿಗ್ರಿ ಅಳೆಯುವ ಅರ್ಧಚಂದ್ರದ ಪಟ್ಟಿ) ಅವನೇ ಇಡಲಿ.

ಇನ್ನು ದೇವಸ್ಥಾನದ ಮಾತು. ಬೇಲೂರಿನ ಚೆನ್ನಕೇಶವ ದೇವಾಲಯ ಹೊಯ್ಸಳ ದೊರೆ ವಿಷ್ಣುವರ್ಧನನ ಕಾಲದಲ್ಲಿ 1117ರಲ್ಲಿ ಪ್ರತಿಷ್ಠೆಯಾಯಿತು. ಅರಸೀಕೆರೆಯ ಈಶ್ವರ ದೇವಾಲಯ 1220ರದು. ಹೊಯ್ಸಳರ ಇಂಥ ಹಲವು ಗುಡಿಗಳ ತಳ ನಕ್ಷತ್ರಾಕಾರದ್ದು. ಅರಸೀಕೆರೆಯ ಮುಂದಿನ ಮಂಟಪವನ್ನೇ ನೋಡಿ, ಹದಿನಾರು ಮೂಲೆಯ ನಕ್ಷತ್ರ. ಇದರ ಜ್ಯಾಮಿತಿ (ಆಕಾರಗಳ ಗಣಿತ) ಮಗುವಿಗೂ ಅರ್ಥವಾಗುವಂಥದ್ದು. ಒಂದು ಚೌಕವನ್ನು ಅದರ ನಡುಬಿಂದುವಿನ ಮೇಲೆ ಸ್ವಲ್ಪ ಸ್ವಲ್ಪವೇ ತಿರುಗಿಸುತ್ತ ಹೋದರೆ ಅದರ ಮೂಲೆಗಳು ಸುತ್ತಲೂ ಚಾಚಿಕೊಂಡು ನಕ್ಷತ್ರವಾಗುತ್ತವೆ. ಹದಿನಾರು ಮೂಲೆ ಬೇಕೆಂದರೆ ನಾಲ್ಕು ಚೌಕ ಬೇಕು. ಪೂರ್ಣ ಸುತ್ತು 360 ಡಿಗ್ರಿ, ಹದಿನಾರರಿಂದ ಭಾಗಿಸಿದರೆ 22.5.

ಮನೆಯಲ್ಲೇ ಮಾಡಿ ನೋಡಬಹುದು. ಒಂದೇ ಅಳತೆಯ ನಾಲ್ಕು ಚೌಕದ ಹಾಳೆ ಕತ್ತರಿಸಿ, ನಡುವೆ ಗುಂಡುಸೂಜಿ ಚುಚ್ಚಿ. 22.5 ಡಿಗ್ರಿ ಅಳೆಯುವುದು ಹೇಗೆ ಎಂದು ಮಗ ಕೇಳುತ್ತಾನೆ. ಬೇರೊಂದು ಹಾಳೆಯ ಮೂಲೆಯನ್ನು ಸರಿಯಾಗಿ ಅರ್ಧಕ್ಕೆ ಮಡಚಿದರೆ 45, ಅದನ್ನು ಮತ್ತೆ ಅರ್ಧಕ್ಕೆ ಮಡಚಿದರೆ 22.5. ಬಿಡಿಸಿ ನೋಡಿದರೆ ಮೂಲೆಯಲ್ಲಿ ನಾಲ್ಕು ಸಮಪಾಲು. ಒಂದು ಪಾಲು ಒಂದು ಕಡೆಗೆ, ಉಳಿದ ಮೂರು ಇನ್ನೊಂದು ಕಡೆಗೆ: 22.5 ಮತ್ತು 67.5. ಜಾವಗಲ್ಲಿನ ಹುಡುಗಿ ಹೊಡೆದುಹಾಕಿದ ಜೋಡಿ ಇದೇ. ಎರಡನೆಯ ಚೌಕವನ್ನು 22.5, ಮೂರನೆಯದನ್ನು 45, ನಾಲ್ಕನೆಯದನ್ನು 67.5 ಡಿಗ್ರಿ ತಿರುಗಿಸಿ. ನಕ್ಷತ್ರ ಸಿದ್ಧ. ಆಮೇಲೆ ಮಗನ ಜೊತೆ ಅರಸೀಕೆರೆಗೆ ಹೋಗಿ ಮಂಟಪದ ಮೂಲೆಗಳನ್ನು ಎಣಿಸಿ. ನೋಡಿದರೆ ಸಾಕು, ಕಲ್ಲಿನ ಮೇಲೆ ಸೀಮೆಸುಣ್ಣದ ಗೀಟೂ ಬೇಡ. ಅವು ನಾವು ಕಾಪಾಡಬೇಕಾದ ಗುಡಿಗಳು. ಬೇಲೂರು, ಹಳೇಬೀಡು, ಸೋಮನಾಥಪುರದ ದೇವಾಲಯಗಳಂತೂ 2023ರಿಂದ ವಿಶ್ವ ಪರಂಪರೆಯ ಪಟ್ಟಿಯಲ್ಲಿವೆ.

ಕಟ್ಟಿದವರು ಓದಿದ್ದರೇ ಎಂದು ಮಗ ಕೇಳಿದನಲ್ಲ. ಗೂಟ ನೆಟ್ಟು ಅದರ ನೆರಳಿನಿಂದ ದಿಕ್ಕು ಗುರುತಿಸುವ ಕ್ರಮವನ್ನು ನಮ್ಮ ಶಿಲ್ಪಶಾಸ್ತ್ರಗಳು ವಿವರಿಸುತ್ತವೆ. ಆ ಗೂಟಕ್ಕೆ ಶಂಕು ಎಂದು ಹೆಸರು. ಬೇಲೂರಿನ ಗುಡಿ ಎದ್ದ 12ನೇ ಶತಮಾನದಲ್ಲೇ ರಾಜಾದಿತ್ಯ ಎಂಬ ಜೈನ ಕವಿ ‘ವ್ಯವಹಾರಗಣಿತ’, ‘ಕ್ಷೇತ್ರಗಣಿತ’ ಎಂಬ ಪುಸ್ತಕಗಳನ್ನು ಕನ್ನಡದಲ್ಲಿ ಬರೆದ. ಲೆಕ್ಕವನ್ನು ನಮ್ಮ ಮಾತಿನಲ್ಲಿ ಹೇಳಿ, ನಮ್ಮ ಮಾತಿನಲ್ಲೇ ಬಿಡಿಸುವುದು ಈ ನಾಡಿಗೆ ಹೊಸದಲ್ಲ ಎಂದು ಮಗನಿಗೆ ಧೈರ್ಯವಾಗಿ ಹೇಳಿ.

ಆ ಶಂಕುವಿನ ಕೆಲಸವನ್ನು ನೀವಿಬ್ಬರೂ ಮಾಡಬಹುದು. ಮಾರ್ಚ್ 20 ಅಥವಾ 21ರಂದು, ಹಗಲು ರಾತ್ರಿ ಹೆಚ್ಚುಕಡಿಮೆ ಸಮ ಇರುವ ದಿನ, ಒಂದು ಮೀಟರ್ ಉದ್ದದ ಕೋಲನ್ನು ತೂಗುಗುಂಡು ಹಿಡಿದು ನೆಟ್ಟಗೆ ನಿಲ್ಲಿಸಿ. ನಿಮ್ಮೂರಿನಲ್ಲಿ ಸೂರ್ಯ ಅತಿ ಎತ್ತರಕ್ಕೆ ಬರುವುದು ಗಡಿಯಾರದ 12ಕ್ಕಲ್ಲ, ಸುಮಾರು 12 ಗಂಟೆ 33 ನಿಮಿಷಕ್ಕೆ. ಆಗ ನೆರಳು ಸುಮಾರು 23 ಸೆಂಟಿಮೀಟರ್ ಬರುತ್ತದೆ. ಇದನ್ನು ಹತ್ತನೇ ಒಂದಕ್ಕೆ ಇಳಿಸಿ ಹಾಳೆಯ ಮೇಲೆ 10 ಸೆಂಟಿಮೀಟರ್ ಕೋಲು, 2.3 ಸೆಂಟಿಮೀಟರ್ ನೆರಳು ಬರೆದು ತುದಿಗಳನ್ನು ಸೇರಿಸಿ. ಆ ಓರೆ ಗೆರೆಯೇ ಬಿಸಿಲಿನ ಕಿರಣ. ಕೋಲಿನ ತುದಿಯಲ್ಲಿ ಕೋನ ಸುಮಾರು 13, ನೆಲದ ಕಡೆ ಸುಮಾರು 77. ಎರಡೂ ಸೇರಿ 90. ಆ 13 ಎಂಬುದು ಹಳೇಬೀಡಿನ ಅಕ್ಷಾಂಶ (ಭೂಮಧ್ಯರೇಖೆಯಿಂದ ಎಷ್ಟು ಡಿಗ್ರಿ ದೂರ ಎಂಬ ಅಳತೆ). ಒಂದು ಕೋಲು, ಒಂದು ನೆರಳು, ಒಂದು ಜೊತೆ ಪೂರಕ ಕೋನ ಇದ್ದರೆ ಭೂಮಿಯ ಮೇಲೆ ನಿಮ್ಮೂರು ಎಲ್ಲಿದೆ ಎಂದು ಮಗ ಹೇಳಬಲ್ಲ. ಏಳನೇ ತರಗತಿಯ ಪಾಠಕ್ಕೆ ಇದಕ್ಕಿಂತ ದೊಡ್ಡ ಉಪಯೋಗವನ್ನು ನಾನು ಕಂಡಿಲ್ಲ.

ಅಳತೆ ಮುಗಿದ ಮೇಲೆ ಹೇಳಿಕೆ ಲೆಕ್ಕವನ್ನು ಅವನೇ ಕಟ್ಟಲಿ: ‘ಕಿರಣವು ನೆಲದೊಂದಿಗೆ ಮಾಡುವ ಕೋನ, ಕೋಲಿನೊಂದಿಗೆ ಮಾಡುವ ಕೋನಕ್ಕಿಂತ 64 ಡಿಗ್ರಿ ಹೆಚ್ಚು. ಎರಡೂ ಎಷ್ಟು?’ ಲೆಕ್ಕ ಕಟ್ಟಿದವನಿಗೆ ಬಿಡಿಸುವುದು ಕಷ್ಟವಾಗುವುದಿಲ್ಲ.

ಪ್ರಶ್ನೆ: ಮದುವೆಯಾಗಿ ಓದು ಬಿಟ್ಟವಳು, ಈಗ ಖಾಸಗಿಯಾಗಿ ಎಸ್ಸೆಸ್ಸೆಲ್ಸಿ ಕಟ್ಟಿದ್ದೇನೆ. ಹುಡುಗಿಯಾಗಿದ್ದಾಗ ಲೆಕ್ಕ ತಪ್ಪಿದ್ದಕ್ಕೆ ಬೋರ್ಡಿನ ಮುಂದೆ ನಿಲ್ಲಿಸಿ ಹೊಡೆದಿದ್ದರು. ಈಗಲೂ ಲೆಕ್ಕ ಓದುವಾಗ ಎದೆ ಹೊಡೆದುಕೊಳ್ಳುತ್ತದೆ. ‘ಗೋಡೆಗೆ ಒರಗಿಸಿದ ಏಣಿಯು ನೆಲದೊಂದಿಗೆ ಮಾಡುವ ಕೋನ ಗೋಡೆಯೊಂದಿಗೆ ಮಾಡುವ ಕೋನದ ಐದರಷ್ಟು’ ಎಂಬ ಲೆಕ್ಕ. ಪೂರಕ ಎಂಬ ಮಾತೇ ಅದರಲ್ಲಿಲ್ಲ. ಯಾವ ಪಾಠದ್ದೆಂದು ತಿಳಿಯುವುದು ಹೇಗೆ?
— ಗೃಹಿಣಿ, ಬಾಣಾವರ

ಉತ್ತರ: ಆ ಏಟು ನಿಮಗೆ ಬೀಳಬಾರದಿತ್ತು. ಅಷ್ಟು ವರ್ಷದ ಅಂಜಿಕೆ ಒಂದು ಉತ್ತರದಿಂದ ಹೋಗುತ್ತದೆ ಎಂದು ನಾನು ಹೇಳಲಾರೆ. ಅದು ಇದ್ದರೂ ಲೆಕ್ಕ ಮಾಡಬಹುದು ಎಂದಷ್ಟೇ ಹೇಳುತ್ತೇನೆ. ಎದೆ ಹೊಡೆದುಕೊಂಡಾಗ ಲೆಕ್ಕವನ್ನು ಮತ್ತೆ ಮತ್ತೆ ಓದಬೇಡಿ. ಕೈಗೆ ಕೆಲಸ ಕೊಡಿ, ಚಿತ್ರ ಬರೆಯಿರಿ.

ನಿಂತ ಗೆರೆ ಗೋಡೆ. ಮಲಗಿದ ಗೆರೆ ನೆಲ. ಓರೆ ಗೆರೆ ಏಣಿ. ಇಷ್ಟು ಬರೆಯುವಷ್ಟರಲ್ಲಿ ಗೋಡೆ ನೆಲ ಸೇರುವ ಮೂಲೆ ನೆಟ್ಟಗಿದೆ ಎಂದು ಕಣ್ಣಿಗೇ ಕಾಣುತ್ತದೆ. ಅಲ್ಲಿ 90 ಎಂದು ಬರೆಯಿರಿ. ಉಳಿದ ಎರಡು ಮೂಲೆ ಸೇರಿ 90. ಲೆಕ್ಕ ಹೇಳದೆ ಬಿಟ್ಟದ್ದನ್ನು ಚಿತ್ರ ಹೇಳಿತು. ಗೋಡೆ, ಕಂಬ, ಮರ, ನೆರಳು, ಆಯತದ ಕರ್ಣ (ಎದುರು ಮೂಲೆಗಳನ್ನು ಸೇರಿಸುವ ಓರೆ ಗೆರೆ) ಇವುಗಳ ಮಾತು ಬಂದಾಗ ಪೂರಕ ಎಂಬ ಪದ ಇಲ್ಲದಿದ್ದರೂ ಆ 90 ಅಲ್ಲೇ ಇರುತ್ತದೆ.

ಗೋಡೆಯ ಕಡೆ ಒಂದು ಪಾಲು, ನೆಲದ ಕಡೆ ಐದು ಪಾಲು, ಒಟ್ಟು ಆರು. 90ನ್ನು ಆರರಿಂದ ಭಾಗಿಸಿದರೆ 15. ಗೋಡೆಯೊಂದಿಗೆ 15 ಡಿಗ್ರಿ, ನೆಲದೊಂದಿಗೆ 75. ಏಣಿ ನಿಲ್ಲಿಸಲು ಇದು ಸುರಕ್ಷಿತ ಕೋನವೂ ಹೌದು. ಏಣಿಯ ತುದಿ ಗೋಡೆಯ ಮೇಲೆ ಎಷ್ಟು ಎತ್ತರದಲ್ಲಿದೆಯೋ ಅದರ ಕಾಲುಭಾಗದಷ್ಟು ದೂರಕ್ಕೆ ಬುಡ ಇಟ್ಟರೆ ಹೆಚ್ಚುಕಡಿಮೆ ಈ ಕೋನವೇ ಬರುತ್ತದೆ. ಮನೆಯಲ್ಲಿ ಅಟ್ಟಕ್ಕೆ ಏಣಿ ಹಾಕುವಾಗಲೂ ನೆನಪಿರಲಿ.

ದಿನಕ್ಕೆ ಒಂದೇ ಒಂದು ಲೆಕ್ಕ ಮಾಡಿ. ಅಡುಗೆ ಕೆಲಸ ಮುಗಿದ ಮೇಲೆ, ಯಾರೂ ಮೇಲೆ ನಿಂತು ನೋಡದ ಹೊತ್ತಿನಲ್ಲಿ ಮಾಡಿ. ತಪ್ಪಿದ್ದನ್ನು ಅಳಿಸಬೇಡಿ, ಪಕ್ಕದಲ್ಲಿ ಸರಿಯಾದದ್ದನ್ನು ಬರೆಯಿರಿ.

ಪರೀಕ್ಷೆಯ ಬಗ್ಗೆ ಒಂದು ಮಾತು. ಮೌಲ್ಯಮಾಪಕರು ಅಂಕ ಕೊಡುವುದು ಕೊನೆಯ ಉತ್ತರಕ್ಕೆ ಮಾತ್ರ ಅಲ್ಲ, ಹಂತಗಳಿಗೂ ಕೊಡುತ್ತಾರೆ. ಚಿತ್ರ ಸರಿಯಿದ್ದು, ಸಮೀಕರಣ ಸರಿಯಿದ್ದು, ಕೊನೆಯಲ್ಲಿ ಭಾಗಾಕಾರ ತಪ್ಪಿದರೂ ಪೂರ್ತಿ ಅಂಕ ಹೋಗುವುದಿಲ್ಲ. ಖಾಲಿ ಬಿಟ್ಟ ಪ್ರಶ್ನೆಗೆ ಮಾತ್ರ ಯಾರೂ ಏನೂ ಕೊಡಲಾರರು. ಆದ್ದರಿಂದ ಎಷ್ಟೇ ಅಂಜಿಕೆಯಾದರೂ ಗೋಡೆ, ನೆಲ, ಏಣಿ ಬರೆದು ಮೂಲೆಯಲ್ಲಿ 90 ಎಂದು ಹಾಕಿಯೇ ಮುಂದಿನ ಪ್ರಶ್ನೆಗೆ ಹೋಗಿ.